ಡಿಸ್ಕ್ ನನ್ನದು, ಆದರೂ ಆಡಲು ನೆಟ್‌ವರ್ಕ್ ಬೇಕಂತೆ

ಇದನ್ನು ಮಡಿಕೇರಿಯಲ್ಲಿ ಗೆಳೆಯನ ಮನೆಯಲ್ಲಿ ಕೂತು ಬರೆಯುತ್ತಿದ್ದೇನೆ. ನಮ್ಮ ಮನೆಯಿಂದ ಕಳಿಸಲು ಆಗುವುದಿಲ್ಲ. ಮಾದಾಪುರದ ಕಡೆ ನಮ್ಮ ಲೈನ್ ಮೇಲೆ ಸಿಲ್ವರ್ ಮರ ಬಿದ್ದು ಇವತ್ತಿಗೆ ಐದು ದಿನ. ಕರೆಂಟ್ ಇಲ್ಲ. ಟವರ್‌ನ ಡೀಸೆಲ್ ಮುಗಿದ ಮೇಲೆ ಮೊಬೈಲೂ ಸತ್ತಿತು. ಅದರ ಬಗ್ಗೆ ನನಗೆ ಸಿಟ್ಟಿಲ್ಲ. ಆ ಮಳೆಯಲ್ಲಿ ಕಂಬ ಹತ್ತುವ ಲೈನ್‌ಮನ್‌ಗಳನ್ನು ನೋಡಿದವರು ಅವರಿಗೆ ಬೈಯಲಾರರು. ನನ್ನ ಸಿಟ್ಟು ಮನೆಯಲ್ಲಿರುವ ಹೊಸ ಗೇಮ್ ಕನ್ಸೋಲ್ ಮೇಲೆ. ಒಂದು ತಿಂಗಳಿಂದ ಹೊಟ್ಟೆಯೊಳಗೆ ಕುದಿಯುತ್ತಿದೆ, ಇವತ್ತು ಹೇಳಿಬಿಡುತ್ತೇನೆ.

ಕರಿಮೆಣಸಿಗೆ ಒಳ್ಳೆ ರೇಟ್ ಬಂದ ವರ್ಷ, 2011ರಲ್ಲಿ, ಅಪ್ಪ ನನಗೂ ತಮ್ಮನಿಗೂ ಒಂದು ಕನ್ಸೋಲ್ ತಂದುಕೊಟ್ಟರು. ಜುಲೈ, ಆಗಸ್ಟ್‌ನಲ್ಲಿ ತೋಟದಲ್ಲಿ ಕಾಲಿಡಲು ಆಗುವುದಿಲ್ಲ. ಒಂದು ಕಡೆ ಮಳೆ, ಇನ್ನೊಂದು ಕಡೆ ಜಿಗಣೆ. ಸಂಜೆ ಎರಡು ಗಂಟೆ ಜನರೇಟರ್ ಹಾಕುತ್ತಿದ್ದೆವು. ಮೊದಲು ನೀರಿನ ಪಂಪ್, ಆಮೇಲೆ ಎಲ್ಲರ ಮೊಬೈಲ್ ಚಾರ್ಜ್, ಆಮೇಲೆ ಉಳಿದ ಒಂದು ಗಂಟೆ ನಮ್ಮದು. ಡಿಸ್ಕ್ ಹಾಕಿದರೆ ಟ್ರೇ ಒಳಗೆ ಹೋಗುತ್ತಿತ್ತು, ಗರ್ರ್ ಅಂತ ತಿರುಗುತ್ತಿತ್ತು, ಆಟ ಶುರು. ಯಾರನ್ನೂ ಕೇಳಬೇಕಾಗಿರಲಿಲ್ಲ. ಹೊರಗೆ ಇಡೀ ಜಗತ್ತಿನ ಜೊತೆ ಸಂಪರ್ಕ ಕಡಿದುಹೋಗಿದ್ದಾಗಲೂ ಒಳಗೆ ನಾವಿಬ್ಬರೂ ಒಂದೇ ಪರದೆಯನ್ನು ಅರ್ಧ ಅರ್ಧ ಮಾಡಿಕೊಂಡು ಕಾರು ಓಡಿಸುತ್ತಿದ್ದೆವು. 2018ರ ಆಗಸ್ಟ್‌ನಲ್ಲಿ ನಮ್ಮ ಕಡೆ ಗುಡ್ಡ ಕುಸಿದಾಗ, ರಸ್ತೆ ಹೋಗಿ ಮನೆಯಲ್ಲೇ ಕೂರಬೇಕಾದಾಗ, ಅಕ್ಕನ ಮಗ ಹೆದರಿ ಅಳುತ್ತಿದ್ದ. ಅವನನ್ನು ಸುಮ್ಮನಿರಿಸಿದ್ದು ಆ ಕನ್ಸೋಲ್. ಅವನ ಕೈಗೆ ಕಂಟ್ರೋಲರ್ ಕೊಟ್ಟು ಪಕ್ಕದಲ್ಲಿ ಕೂತಿದ್ದು ನನಗೆ ಈಗಲೂ ಕಣ್ಣಿಗೆ ಕಟ್ಟಿದಂತಿದೆ.

ಹದಿನಾಲ್ಕು ಡಿಸ್ಕ್ ಇವೆ ನನ್ನ ಹತ್ತಿರ. ಎಲ್ಲವೂ ದುಡ್ಡು ಕೊಟ್ಟು ತಂದ ಅಸಲಿ ಡಿಸ್ಕ್. ಕೊಡಗಿನ ಥಂಡಿಗೆ ಡಿಸ್ಕ್ ಮೇಲೂ ಬೂಷ್ಟು ಹಿಡಿಯುತ್ತದೆ, ಗೊತ್ತಿರುವವರಿಗೆ ಗೊತ್ತು. ಪ್ರತಿ ವರ್ಷ ಮಳೆ ನಿಂತ ಮೇಲೆ ಒಂದೊಂದನ್ನೂ ತೆಗೆದು ಮೆತ್ತನೆ ಬಟ್ಟೆಯಲ್ಲಿ ಒರೆಸಿ ಇಡುತ್ತೇನೆ. ಗುಂಡಗೆ ಉಜ್ಜಬಾರದು, ನಡುವಿನಿಂದ ಅಂಚಿಗೆ ನೇರವಾಗಿ ಒರೆಸಬೇಕು. ಇಷ್ಟು ವರ್ಷ ಹಾಗೆ ಕಾಪಾಡಿದ್ದೇನೆ.

ಈ ವರ್ಷ ಮೇ ತಿಂಗಳ ಗುಡುಗು ಮಳೆಯಲ್ಲಿ ಸಿಡಿಲು ಬಡಿಯಿತು. ಪ್ಲಗ್ ತೆಗೆದಿರಲಿಲ್ಲ. ಟಿವಿ ಉಳಿಯಿತು, ಕನ್ಸೋಲ್ ಹೋಯಿತು.

ಮೈಸೂರಿಗೆ ಹೋಗಿ ಅದೇ ಕಂಪನಿಯ ಹೊಸ ಕನ್ಸೋಲ್ ತಂದೆ. ಅರ್ಧ ಲಕ್ಷಕ್ಕಿಂತ ಜಾಸ್ತಿ ಆಯಿತು. ಡಿಸ್ಕ್ ಹಾಕುವ ಜಾಗವೇ ಇಲ್ಲದ ಅಗ್ಗದ ಮಾಡೆಲ್ ಕೂಡ ಇತ್ತು. ಹಳೆ ಡಿಸ್ಕ್‌ಗಳಿಗಾಗಿಯೇ ದುಬಾರಿಯದನ್ನು ತೆಗೆದುಕೊಂಡೆ. ಅಂಗಡಿಯವನನ್ನು ಎರಡು ಸಲ ಕೇಳಿದೆ. "ಹಳೇದೆಲ್ಲಾ ಓಡುತ್ತೆ ಸರ್, ಡಿಸ್ಕ್ ಹಾಕಿ ಆಡೋದೇ" ಅಂದ. ಅಂಗಡಿ ಹೆಸರೂ ಬರೆಯುವುದಿಲ್ಲ, ಕಂಪನಿ ಹೆಸರೂ ಬರೆಯುವುದಿಲ್ಲ. ಬರೆದರೆ ನಮ್ಮ ಕಂಪನಿ ಮೇಲು, ನಿಮ್ಮದು ಕೀಳು ಅಂತ ಜಗಳ ಶುರುವಾಗುತ್ತದೆ. ನನಗೆ ಅದು ಬೇಡ.

ಮನೆಗೆ ಬಂದು ಕಾರಿನ ಆಟದ ಡಿಸ್ಕ್ ಹಾಕಿದೆ. ತಿರುಗಿತು. ಪರದೆ ಮೇಲೆ ಬಂದದ್ದು ಆಟ ಅಲ್ಲ. ಆಟವನ್ನು ಡೌನ್‌ಲೋಡ್ ಮಾಡಿಕೊಳ್ಳಬೇಕು, ಆರೂವರೆ ಜಿಬಿ, ಅಂತ ಬಂತು. ಹತ್ತು ನಿಮಿಷ ನನಗೆ ಅರ್ಥವೇ ಆಗಲಿಲ್ಲ. ಆಟ ಡಿಸ್ಕ್‌ನಲ್ಲಿ ಇದೆಯಲ್ಲಾ? ಒಳಗೆ ಹಾಕಿದ್ದೇನಲ್ಲಾ?

ಆಮೇಲೆ ತಿಳಿಯಿತು. ಹೊಸ ಯಂತ್ರ ಹಳೆ ಡಿಸ್ಕ್‌ನಿಂದ ಆಟವನ್ನು ತೆಗೆದುಕೊಳ್ಳುವುದೇ ಇಲ್ಲ. ಡಿಸ್ಕ್ ನೋಡಿ "ಇವನ ಹತ್ತಿರ ಈ ಆಟ ಇದೆ" ಅಂತ ಗುರುತು ಹಿಡಿಯುತ್ತದೆ, ಅಷ್ಟೇ. ಆಮೇಲೆ ಹೊಸ ಯಂತ್ರಕ್ಕೆ ಹೊಂದುವಂತೆ ಕಂಪನಿ ತಯಾರು ಮಾಡಿಟ್ಟ ಬೇರೆ ಪ್ರತಿಯನ್ನು ಇಂಟರ್ನೆಟ್‌ನಿಂದ ಪೂರ್ತಿ ಇಳಿಸಿಕೊಳ್ಳುತ್ತದೆ. ಇಳಿಸಿಕೊಂಡ ಮೇಲೆ ಡಿಸ್ಕ್ ಬೇಡವೇ? ಬೇಕು! ಪ್ರತಿ ಸಲ ಆಡುವಾಗಲೂ ಒಳಗೆ ಇರಬೇಕು. ನಾಳೆ ಬೂಷ್ಟು ಜಾಸ್ತಿಯಾಗಿ ಡಿಸ್ಕ್ ಓದಲು ಆಗದೇ ಹೋದರೆ, ಪೂರ್ತಿ ಆಟ ಯಂತ್ರದೊಳಗೆ ಇದ್ದರೂ ಆಡಲು ಬಿಡುವುದಿಲ್ಲ. ಡಿಸ್ಕ್‌ನಲ್ಲಿರುವ ಆಟ ಇವರಿಗೆ ಬೇಡ, ಆದರೆ ಡಿಸ್ಕ್ ಬೇಕು. ಇದು ಯಾವ ನ್ಯಾಯ?

ನಮ್ಮ ಮನೆಗೆ ಫೈಬರ್ ಬಂದಿಲ್ಲ. ಮೊಬೈಲ್ ನೆಟ್ ಮನೆಯ ಮೇಲಿನ ದಿಣ್ಣೆಯಲ್ಲಿ, ಹಲಸಿನ ಮರದ ಹತ್ತಿರ ಮಾತ್ರ ಎರಡು ಕಡ್ಡಿ ಬರುತ್ತದೆ. ನನ್ನ ಪ್ಯಾಕ್ ದಿನಕ್ಕೆ ಒಂದೂವರೆ ಜಿಬಿ. ಅಂದರೆ ಒಂದು ಆಟಕ್ಕೆ ಐದು ದಿನ, ಅದೂ ನೆಟ್ ಎಲ್ಲೂ ಕಡಿಯದೇ ಇದ್ದರೆ. ಒಂಬತ್ತು ಆಟಕ್ಕೆ ಲೆಕ್ಕ ಹಾಕಿದೆ. ಮಳೆ ಜೋರಾಗಿರುವ ನಮ್ಮ ಕಕ್ಕಡ ತಿಂಗಳು ಪೂರ್ತಿ ಸಾಲುವುದಿಲ್ಲ.

ಒಂಬತ್ತು ಯಾಕೆ ಅಂದರೆ, ಹದಿನಾಲ್ಕರಲ್ಲಿ ಐದು ಕಂಪನಿಯ ಪಟ್ಟಿಯಲ್ಲೇ ಇಲ್ಲ. ಪಟ್ಟಿಯಲ್ಲಿ ಇಲ್ಲದ ಡಿಸ್ಕ್ ಹಾಕಿದರೆ ಈ ಆಟ ಇಲ್ಲಿ ನಡೆಯುವುದಿಲ್ಲ ಅಂತ ಒಂದು ಸಾಲು ಬರುತ್ತದೆ. ನನ್ನ ಕ್ರಿಕೆಟ್ ಆಟ ಇಲ್ಲ. ಐಸ್ ಹಾಕಿ ಆಟವೂ ಇಲ್ಲ. ಹಾಕಿ ಅಂದರೆ ನಮ್ಮಲ್ಲಿ ಎಷ್ಟು ಪ್ರೀತಿ ಅಂತ ಹೇಳಬೇಕಾಗಿಲ್ಲ. 1997ರಲ್ಲಿ ಕರಡದಲ್ಲಿ ಶುರುವಾದ ಕೊಡವ ಕುಟುಂಬಗಳ ಹಾಕಿ ಹಬ್ಬಕ್ಕೆ ಊರಿಗೆ ಊರೇ ಸೇರುತ್ತದೆ. ನಮ್ಮ ಹುಲ್ಲಿನ ಮೈದಾನದ ಹಾಕಿ ಆ ಕನ್ಸೋಲ್‌ಗೆ ನಮಗೆ ಸಿಗಲೇ ಇಲ್ಲ. ಸಿಕ್ಕಿದ್ದು ಐಸ್ ಹಾಕಿ, ಅದನ್ನೇ ತಂದು ಆಡಿದೆವು. ತಮ್ಮ ಅದರಲ್ಲಿ ನನ್ನನ್ನು ಒಂದೇ ಒಂದು ಸಲವೂ ಗೆಲ್ಲಲು ಬಿಟ್ಟಿಲ್ಲ. ಈಗ ಆ ಡಿಸ್ಕ್ ಟೀ ಲೋಟದ ಕೆಳಗೆ ಇಡಲು ಮಾತ್ರ ಆದೀತು. ಆ ಪಟ್ಟಿಗೆ ಹೊಸ ಆಟ ಸೇರಿಸುವುದನ್ನು ನಿಲ್ಲಿಸಿದ್ದಾರಂತೆ. ಅಲ್ಲಿಗೆ ಮುಗಿಯಿತು.

ತಾಂತ್ರಿಕ ಕಷ್ಟ ಇದೆ, ನಾನು ಒಪ್ಪುತ್ತೇನೆ. ನನ್ನ ಹಳೆ ಕನ್ಸೋಲ್‌ನ ತಲೆಮಾರಿನ ಮೂರೂ ದೊಡ್ಡ ಕನ್ಸೋಲ್‌ಗಳಲ್ಲಿ ಪವರ್‌ಪಿಸಿ ಅನ್ನುವ ಜಾತಿಯ ಪ್ರೊಸೆಸರ್ ಇತ್ತು. 2013ರಲ್ಲಿ ಬಂದ ಸೋನಿಯ ಪಿಎಸ್4 (ಪಿಎಸ್ ಅಂದರೆ ಪ್ಲೇಸ್ಟೇಷನ್) ಮತ್ತು ಮೈಕ್ರೋಸಾಫ್ಟ್‌ನ ಎಕ್ಸ್‌ಬಾಕ್ಸ್ ಒನ್ ಎರಡೂ ನಮ್ಮ ಕಂಪ್ಯೂಟರ್‌ನಲ್ಲಿ ಇರುವ ಜಾತಿಯ ಪ್ರೊಸೆಸರ್‌ಗೆ ಬದಲಾದವು. ಹಳೆ ಆಟ ಹೊಸ ಪ್ರೊಸೆಸರ್‌ಗೆ ಅರ್ಥವೇ ಆಗುವುದಿಲ್ಲ, ನಡುವೆ ಒಬ್ಬ ದುಭಾಷಿ ಬೇಕು. ಎಮ್ಯುಲೇಟರ್ ಅಂದರೆ ಅದೇ. ಅದನ್ನು ಬರೆದ ಎಂಜಿನಿಯರ್‌ಗಳ ಕೆಲಸ ದೊಡ್ಡದು. ಅದರ ಮೇಲೆ ಲೈಸೆನ್ಸ್ ಕಾಟ. ಆಟದೊಳಗಿನ ಹಾಡು, ಕಾರಿನ ಹೆಸರು, ಆಟಗಾರನ ಹೆಸರು, ಇವಕ್ಕೆಲ್ಲ ಮಾಡಿಕೊಂಡ ಒಪ್ಪಂದ ಮುಗಿದಿದ್ದರೆ ಮತ್ತೆ ಹಂಚುವ ಹಾಗಿಲ್ಲ. ಹೊಸದಾಗಿ ಡೌನ್‌ಲೋಡ್ ಕೊಡುವುದು ಅಂದರೆ ಮತ್ತೆ ಹಂಚಿದ ಹಾಗೆ. ಅದಕ್ಕೇ ಪಟ್ಟಿ, ಅದಕ್ಕೇ ಈ ತಕರಾರು. ಆದರೆ ನನಗೆ ಹೊಸದಾಗಿ ಹಂಚಿ ಅಂತ ನಾನು ಕೇಳಿದೆನಾ? ನನಗೆ ಆಗಲೇ ಮಾರಿದ್ದೀರಿ. ದುಭಾಷಿಯನ್ನು ಒಮ್ಮೆ ಯಂತ್ರದೊಳಗೆ ಕೂರಿಸಿ, ಆಟವನ್ನು ನನ್ನ ಡಿಸ್ಕ್‌ನಿಂದಲೇ ಓದಿಸಿ. ಎಲ್ಲಾ ಆಟವೂ ಚೆನ್ನಾಗಿ ಓಡದೇ ಇರಬಹುದು. ಓಡಿದಷ್ಟು ಓಡಲಿ.

ಹಿಂದೆ ಮಾಡಿ ತೋರಿಸಿದ್ದಾರೆ, ಅದಕ್ಕೇ ಜಾಸ್ತಿ ಸಿಟ್ಟು. ಪಿಎಸ್2 ಬಂದದ್ದು 2000ದಲ್ಲಿ. ಅದರೊಳಗೆ ಹಳೆ ಪಿಎಸ್‌ನ ಪ್ರೊಸೆಸರ್ ಇತ್ತು. ಬೇರೆ ಹೊತ್ತಿನಲ್ಲಿ ಅದು ಸಣ್ಣಪುಟ್ಟ ಕೆಲಸ ನೋಡಿಕೊಳ್ಳುತ್ತಿತ್ತು, ಹಳೆ ಡಿಸ್ಕ್ ಹಾಕಿದರೆ ತಾನೇ ಆಟ ನಡೆಸುತ್ತಿತ್ತು. ನಿಂಟೆಂಡೋ ಕಂಪನಿಯ ವೀ 2006ರಲ್ಲಿ ಬಂದಾಗ ಅವರದೇ ಹಿಂದಿನ ಕನ್ಸೋಲ್ ಗೇಮ್‌ಕ್ಯೂಬ್‌ನ ಡಿಸ್ಕ್ ತೆಗೆದುಕೊಳ್ಳುತ್ತಿತ್ತು, ಹಳೆ ಕಂಟ್ರೋಲರ್ ಸಿಕ್ಕಿಸಲು ಜಾಗವನ್ನೂ ಕೊಟ್ಟಿದ್ದರು. ಅದೇ ವರ್ಷ ಬಂದ ಪಿಎಸ್3ರ ಮೊದಲ ಮಾಡೆಲ್‌ಗಳಲ್ಲಿ ಪಿಎಸ್2ರ ಚಿಪ್‌ಗಳನ್ನೇ ಹಾಕಿದ್ದರು. ಆಮೇಲೆ ಖರ್ಚು ಅಂತ ಒಂದೊಂದೇ ಕಿತ್ತರು. ಈಗಿನ ಪಿಎಸ್5ರಲ್ಲಿ ಪಿಎಸ್4 ಡಿಸ್ಕ್ ಓಡುತ್ತದೆ, ಅದು ಒಳ್ಳೆಯದೇ. ಅದಕ್ಕಿಂತ ಹಿಂದಿನ ಮೂರು ತಲೆಮಾರಿನ ಡಿಸ್ಕ್ ಹಾಕಿದರೆ ಏನೂ ಇಲ್ಲ. ಹೈದರಾಬಾದಿನಲ್ಲಿ ತಯಾರಾಗಿ 2009ರಲ್ಲಿ ಪಿಎಸ್2ಗೆ ಬಂದ ಹನುಮಾನ್ ಬಾಯ್ ವಾರಿಯರ್, ಪೂರ್ತಿ ನಮ್ಮ ದೇಶದಲ್ಲೇ ಮಾಡಿದ ಮೊದಲ ಕನ್ಸೋಲ್ ಆಟ ಅಂತಾರೆ. ಆ ಡಿಸ್ಕ್ ಇಟ್ಟುಕೊಂಡವರು ಈಗ ಅದನ್ನು ಯಾವುದಕ್ಕೆ ಹಾಕಬೇಕು? ಪಿಎಸ್3 ಆಟಗಳನ್ನು ಕೆಲವು ದೇಶಗಳಲ್ಲಿ ಚಂದಾ ಕಟ್ಟಿ ಸ್ಟ್ರೀಮ್ ಮಾಡಿ, ಅಂದರೆ ಇಳಿಸಿಕೊಳ್ಳದೇ ನೇರವಾಗಿ ನೆಟ್ ಮೂಲಕವೇ, ಆಡಬಹುದು. 2022ರಲ್ಲಿ ಅದೇ ಚಂದಾ ನಮ್ಮ ದೇಶಕ್ಕೆ ಬಂದಾಗ ಡೀಲಕ್ಸ್ ಅಂತ ಬೇರೆ ಹೆಸರಿನಲ್ಲಿ ಬಂತು, ಸ್ಟ್ರೀಮಿಂಗ್ ಇಲ್ಲದೇ ಬಂತು. ಸ್ಟ್ರೀಮಿಂಗ್ ಕೊಟ್ಟಿದ್ದರೂ ನಮ್ಮ ಹಲಸಿನ ಮರದ ಕೆಳಗೆ ಟಿವಿ ಇಡಲು ಆಗುತ್ತಿರಲಿಲ್ಲ, ಅದು ಬೇರೆ ಮಾತು.

2025ರಲ್ಲಿ ಬಂದ ನಿಂಟೆಂಡೋ ಕನ್ಸೋಲ್ ಸ್ವಿಚ್ 2ರಲ್ಲಿ ಡಿಸ್ಕ್ ಬದಲು ಕಾರ್ಡ್; ಅದರ ಕೆಲವು ಕಾರ್ಡ್‌ಗಳಲ್ಲಿ ಆಟವೇ ಇರುವುದಿಲ್ಲ, ಡೌನ್‌ಲೋಡ್‌ಗೆ ಒಂದು ಕೀ ಮಾತ್ರ. ಅದೂ ನನಗೆ ಇಷ್ಟವಿಲ್ಲ. ಆದರೆ ಡೌನ್‌ಲೋಡ್ ಬೇಕು ಅಂತ ಡಬ್ಬಿ ಮೇಲೇ ಕಾಣುವ ಹಾಗೆ ಬರೆದಿರುತ್ತಾರೆ. ನನಗೆ ಅಷ್ಟಾದರೂ ಯಾರು ಹೇಳಿದರು? "ಡಿಸ್ಕ್ ಹಾಕಿ ಆಡೋದೇ" ಅಂದರು. ಹಳೆ ಆಟಕ್ಕೆ ಇಂಟರ್ನೆಟ್ ಕಡ್ಡಾಯ ಅಂತ ಒಂದು ಮಾತು ಹೇಳಿದ್ದರೆ ನಾನು ಆ ದುಡ್ಡು ಕೊಡುತ್ತಿರಲಿಲ್ಲ.

ಹಲಸಿನ ಮರದ ಹತ್ತಿರ ನಿಂತು ಕಂಪನಿಯವರ ಜೊತೆ ಚಾಟ್ ಮಾಡಿದೆ. ಛತ್ರಿ ಹಿಡಿದುಕೊಂಡು, ಕಾಲಿಗೆ ಜಿಗಣೆ ಹತ್ತಿಸಿಕೊಂಡು, ನಲವತ್ತು ನಿಮಿಷ. ನಡುವೆ ಮೂರು ಸಲ ನೆಟ್ ಹೋಯಿತು, ಮೂರು ಸಲವೂ ಮೊದಲಿಂದ ಹೇಳಿದೆ. ಕೊನೆಗೆ ಬಂದ ಉತ್ತರ, "ನಿಮ್ಮ ಇಂಟರ್ನೆಟ್ ಸಂಪರ್ಕವನ್ನು ಸರಿಪಡಿಸಿಕೊಂಡು ಮತ್ತೆ ಪ್ರಯತ್ನಿಸಿ." ನಾನು ಹೇಳಿದ್ದೇ ಅದು ಇಲ್ಲ ಅಂತ! ಇಂಟರ್ನೆಟ್ ಇಲ್ಲದ ಮನೆಯೂ ಇರುತ್ತದೆ, ವರ್ಷಕ್ಕೆ ಎರಡು ತಿಂಗಳು ಹೊರಗಿನ ಸಂಪರ್ಕ ಕಡಿಯುವ ಊರೂ ಇರುತ್ತದೆ ಅಂತ ಈ ಯಂತ್ರ ಮಾಡಿದವರ ತಲೆಗೆ ಬಂದೇ ಇಲ್ಲ. ಬೆಂಗಳೂರಿನಲ್ಲಿ ಕೂತವರಿಗೆ ಆರೂವರೆ ಜಿಬಿ ಅಂದರೆ ಒಂದು ಕಾಫಿ ಕುಡಿಯುವ ಹೊತ್ತು. ಆ ಕಾಫಿ ಬೆಳೆಯುವ ನಮಗೆ ಐದು ದಿನ.

ಕೊನೆಗೆ ಕನ್ಸೋಲನ್ನು ಪ್ಲಾಸ್ಟಿಕ್‌ನಲ್ಲಿ ಸುತ್ತಿ, ರೇನ್‌ಕೋಟ್ ಒಳಗೆ ಇಟ್ಟುಕೊಂಡು ಜೀಪಿನಲ್ಲಿ ಇಲ್ಲಿಗೆ ತಂದೆ. ಎರಡು ರಾತ್ರಿಯಿಂದ ಗೆಳೆಯನ ಫೈಬರ್‌ನಲ್ಲಿ ಇಳಿಯುತ್ತಿದೆ. ಏಳು ಆಟ ಆಯಿತು, ಇನ್ನೆರಡು ಬಾಕಿ. ಅವನ ಹೆಂಡತಿ ಪಾಪ ಏನೂ ಅನ್ನಲಿಲ್ಲ, ಊಟ ಹಾಕಿ ಟಿವಿಯನ್ನೂ ಬಿಟ್ಟುಕೊಟ್ಟಿದ್ದಾರೆ. ನನಗೇ ಮುಜುಗರ. ಎಂದೋ ದುಡ್ಡು ಕೊಟ್ಟು ತಂದ ಡಿಸ್ಕ್ ಆಡಲು ಇನ್ನೊಬ್ಬರ ಮನೆ ಬಾಗಿಲು ತಟ್ಟಬೇಕಾಯಿತಲ್ಲ.

ಉಳಿದ ಐದು ಡಿಸ್ಕ್‌ಗೆ ಹಳೆ ಕನ್ಸೋಲೇ ಬೇಕು. ಟಿವಿ ರಿಪೇರಿಯವರು ಬಿಚ್ಚಿ ನೋಡಿ, ಒಳಗಿನ ಬೋರ್ಡ್ ಬದುಕಿರಬಹುದು, ಅಡಾಪ್ಟರ್ ಸುಟ್ಟಿದೆ ಅಂದಿದ್ದಾರೆ. ಆ ಅಡಾಪ್ಟರ್ ಈಗ ಅಂಗಡಿಯಲ್ಲಿ ಸಿಗುತ್ತಿಲ್ಲ. ಮಡಿಕೇರಿ, ಕುಶಾಲನಗರ, ಸೋಮವಾರಪೇಟೆ, ವಿರಾಜಪೇಟೆ ಕಡೆ ಯಾರ ಮನೆಯ ಅಟ್ಟದ ಮೇಲಾದರೂ ಆ ಕಾಲದ ಕೆಟ್ಟ ಕನ್ಸೋಲ್ ಬಿದ್ದಿದ್ದರೆ, ಅದರ ಇಟ್ಟಿಗೆಯಂಥ ಅಡಾಪ್ಟರ್ ಸರಿ ಇದ್ದರೆ, ದಯವಿಟ್ಟು ಹೇಳಿ. ಕೇಳಿದಷ್ಟು ದುಡ್ಡು ಕೊಟ್ಟು ನಾನೇ ಬಂದು ತೆಗೆದುಕೊಂಡು ಹೋಗುತ್ತೇನೆ. ತಮ್ಮ ಕೈಲ್‌ಮುಹೂರ್ತ ಹಬ್ಬಕ್ಕೆ ಊರಿಗೆ ಬರುತ್ತಾನೆ. "ಅಣ್ಣ, ಐಸ್ ಹಾಕಿ ತೆಗೆದಿಡು" ಅಂತ ಹೇಳಿದ್ದಾನೆ. ಅದು ಓಡುವುದಿಲ್ಲ ಅಂತ ಅವನಿಗೆ ಇನ್ನೂ ಹೇಳಿಲ್ಲ.