ಹಾಲಿನ ಲೆಕ್ಕಕ್ಕೊಂದು ಡಾಕರ್

ಇವತ್ತು ಒಂದನೇ ತಾರೀಖು. ಬೆಳಿಗ್ಗೆ ಆರೂವರೆಗೆ ಹಾಲಿನವನು ಬೆಲ್ ಒತ್ತಿ, ‘ಸಾಹೇಬ, ಬತ್ತೀಸ್ ಲೀಟರ್’ ಅಂದ, ಅಂದರೆ ಮೂವತ್ತೆರಡು. ನಾನು ಗತ್ತಿನಿಂದ ಮೊಬೈಲ್ ತೆಗೆದೆ. ನನ್ನ ಲೆಕ್ಕದ ಪ್ರಕಾರ ತಿಂಗಳಿಡೀ ನಮ್ಮ ಮನೆಗೆ ಹಾಲೇ ಬಂದಿಲ್ಲ. ಸೊನ್ನೆ ಲೀಟರ್!

ಇದಕ್ಕೆಲ್ಲ ಕಾರಣ ಪುಣೆಯ ಐಟಿ ಕಂಪನಿಗಳ ಹಿಂಜೇವಾಡಿಯಲ್ಲಿ ಕೆಲಸ ಮಾಡುವ ನನ್ನ ಬಾಮೈದ. ಭಾನುವಾರ ತಪ್ಪದೆ ಕೋಥ್ರೂಡಿನ ನಮ್ಮ ಮನೆಗೆ ಊಟಕ್ಕೆ ಬರುತ್ತಾನೆ. ಯಾವುದಕ್ಕೂ ಅವನದು ಒಂದೇ ಮಾತು: ‘ಸಿಂಪಲ್ ಭಾವ!’ ಸಿಂಕಿನ ನಲ್ಲಿ ತೊಟ್ಟಿಕ್ಕುತ್ತಿದೆ ಅಂದಾಗಲೂ ‘ಸಿಂಪಲ್ ಭಾವ’ ಅಂದಿದ್ದ. ಅವತ್ತು ಸಂಜೆವರೆಗೂ ಇಡೀ ಬಿಲ್ಡಿಂಗಿಗೆ ನೀರಿರಲಿಲ್ಲ. ಹಾಲಿನ ಲೆಕ್ಕಕ್ಕೆ ಡಾಕರ್‌ನಲ್ಲಿ, ಅಂದರೆ ಆ್ಯಪ್‌ಗಳನ್ನು ಕಂಟೇನರ್ ಅನ್ನೋ ಡಬ್ಬಿಯಲ್ಲಿಟ್ಟು ಓಡಿಸುವ ಸಾಫ್ಟ್‌ವೇರ್‌ನಲ್ಲಿ, ಆ್ಯಪ್ ಹಾಕುವಾಗ ಇನ್ನೊಂದು ಮಾತು ಸೇರಿತು, ‘ಒಂದೇ ಕಮಾಂಡ್.’ ಆ ಒಂದಕ್ಕೂ ಮುಂಚೆ ಹದಿನಾಲ್ಕು ಇದ್ದವು. ಆಮೇಲೆ 8080 ಪೋರ್ಟ್‌ನಲ್ಲಿ, ಅಂದರೆ ಆ್ಯಪ್‌ಗೆ ಕೊಟ್ಟ ಬಾಗಿಲ ನಂಬರಿನಲ್ಲಿ, ಆಗಲೇ ಯಾರೋ ಕೂತಿದ್ದಾರೆ ಅಂತ ತಕರಾರು. ಲೋಕಲ್ ರೈಲಿನಲ್ಲಾದರೆ ಸ್ವಲ್ಪ ಸರಿದು ಕೂರಿ ಅನ್ನಬಹುದು.

‘ಇಮೇಜ್ ಅಂದರೆ ಚಕ್ಕುಲಿ ಒರಳು ಭಾವ, ಕಂಟೇನರ್ ಅಂದರೆ ಚಕ್ಕುಲಿ. ಮುರಿದರೆ ಇನ್ನೊಂದು ಒತ್ತಿಕೊಳ್ಳಿ.’ ಕೇಳೋಕೆ ಚೆನ್ನಾಗಿತ್ತು. ಲೆಕ್ಕ ಉಳೀಬೇಕಾದರೆ ವಾಲ್ಯೂಮ್ ಅಂತ ಹೊರಗೆ ಬೇರೆ ಜಾಗ ಜೋಡಿಸಬೇಕು, ಇಲ್ಲದಿದ್ದರೆ ಕಂಟೇನರ್ ಅಳಿಸಿದಾಗ ಒಳಗಿದ್ದದ್ದೂ ಹೋಗುತ್ತೆ ಅಂತ ಮಾತ್ರ ಹೇಳಲಿಲ್ಲ. ನಿನ್ನೆ ರಾತ್ರಿ ಹೊಸ ವರ್ಷನ್ ಹಾಕೋಣ ಅಂತ ಹಳೇ ಕಂಟೇನರ್ ಅಳಿಸಿದೆ. ಅದಕ್ಕೆ ಮಾತ್ರ ನಿಜವಾಗಲೂ ಒಂದೇ ಕಮಾಂಡ್.

ಆ್ಯಪ್ ಓಡೋ ಸರ್ವರ್ ಬಾಡಿಗೆ ತಿಂಗಳಿಗೆ 5 ಡಾಲರ್. ಅದಕ್ಕೂ ಸಿಂಪಲ್ ಉಪಾಯ: ಸ್ಟೇಬಲ್‌ಕಾಯಿನ್ ಅನ್ನೋ ಕ್ರಿಪ್ಟೊ ದುಡ್ಡು ಇಡಿ, ಒಂದು ಕಾಯಿನ್ ಅಂದರೆ ಒಂದು ಡಾಲರ್, ಬಡ್ಡಿಯಲ್ಲೇ ಬಾಡಿಗೆ ಹೋಗುತ್ತೆ. 2023ರ ಮಾರ್ಚ್‌ನಲ್ಲಿ ಸಿಲಿಕಾನ್ ವ್ಯಾಲಿ ಬ್ಯಾಂಕ್ ಮುಳುಗಿದಾಗ ಯುಎಸ್‌ಡಿಸಿ ಅನ್ನೋ ಇಂಥದ್ದೇ ಕಾಯಿನ್ 90 ಸೆಂಟಿಗಿಂತ ಕೆಳಗೆ ಬಿದ್ದಿತ್ತಲ್ಲ ಅಂದೆ. ‘ಮತ್ತೆ ಎದ್ದಿತಲ್ಲ ಭಾವ!’ ಸರಿ, 100 ಡಾಲರ್ ಇಟ್ಟೆ. ಬಡ್ಡಿ ವರ್ಷಕ್ಕೆ 4%. ತಿಂಗಳಿಗೆ 33 ಸೆಂಟು! ಬಾಡಿಗೆ ಪೂರಾ ಬಡ್ಡಿಯಲ್ಲೇ ಹೋಗಬೇಕಾದರೆ 1500 ಡಾಲರ್ ಇಡಬೇಕು, ತೆರಿಗೆ ಬೇರೆ. ಲಕ್ಷಕ್ಕೂ ಜಾಸ್ತಿ ಆಯಿತು. ಅಷ್ಟು ದುಡ್ಡಿಗೆ ಎಮ್ಮೆಯನ್ನೇ ಕಟ್ಟಬಹುದಿತ್ತು, ಮೂರನೇ ಮಹಡಿಯ ಬಾಲ್ಕನಿ ಒಪ್ಪಿದ್ದರೆ.

ಧಾರವಾಡದಲ್ಲಿ ಅವ್ವ ಬಾಗಿಲ ಹಿಂದಿನ ಗೋಡೆಗೆ ಇದ್ದಿಲಿನಿಂದ ಹಾಲಿನ ಗೆರೆ ಎಳೆಯುತ್ತಿದ್ದಳು. ದೀಪಾವಳಿಗೆ ಸುಣ್ಣ ಬಳಿಯುವ ಹಿಂದಿನ ದಿನ ನನ್ನನ್ನು ಕೂರಿಸಿ ಅಷ್ಟನ್ನೂ ನೋಟ್‌ಬುಕ್ಕಿಗೆ ಬರೆಸುತ್ತಿದ್ದಳು. ಆಡೋಕೆ ಹೋಗಬೇಕು ಅಂತ ನಾನು ಗೊಣಗುತ್ತಿದ್ದೆ. ಆ ನೋಟ್‌ಬುಕ್ ಎಲ್ಲಿ ಹೋಯಿತೋ.

ಹಾಲಿನವನು ಇನ್ನೂ ಬಾಗಿಲಲ್ಲೇ ನಿಂತಿದ್ದ. ಇವಳು ಅಡುಗೆಮನೆಯಿಂದ ಕ್ಯಾಲೆಂಡರ್ ಹಿಡಿದುಕೊಂಡೇ ಬಂದಳು. ‘ರೀ, ಇಪ್ಪತ್ತೊಂಬತ್ತು. ಮೂರು ದಿನ ಅವನು ಬಂದೇ ಇಲ್ಲ.’ ಅವನು ತಲೆ ಕೆರೆದುಕೊಂಡು ಒಪ್ಪಿಕೊಂಡ.

ಬಾಮೈದನಿಗೆ ಫೋನ್ ಮಾಡಿದೆ. ಪೂರ್ತಿ ಕೇಳಿಸಿಕೊಂಡು, ‘ಸಿಂಪಲ್...’ ಅಂದ.

ಕಟ್ ಮಾಡಿದೆ.