ಸೀಟಿ

ನಮ್ಮ ಮನೆ ಹಿಂದಿನ ಖಾಲಿ ಜಾಗದಲ್ಲಿ ಭಾನುವಾರ ಬೆಳಿಗ್ಗೆ ಹುಡುಗರು ಫುಟ್‌ಬಾಲ್ ಆಡುತ್ತಾರೆ. ಅವರ ರೆಫ್ರಿ ಸೀಟಿ ಊದಿದಾಗಲೆಲ್ಲ ನಾನು ಕುಕ್ಕರಿನ ಲೆಕ್ಕಕ್ಕೆ ಒಂದು ಸೇರಿಸಿಬಿಡುತ್ತೇನೆ. ಮೂರಾಯಿತು ಅಂತ ಒಲೆ ಆರಿಸಿ, ಮುಚ್ಚಳ ತೆಗೆದರೆ ಬೇಳೆ ಇನ್ನೂ ಕಲ್ಲು. ಹಾಗಾದ ಭಾನುವಾರಗಳು ಒಂದೆರಡಲ್ಲ.

ಬೆರಳುದ್ದದ ವಸ್ತು, ಅದಕ್ಕೆ ಎಂಥ ಅಧಿಕಾರ ನೋಡಿ. ಊದಿದವರು ಯಾರು, ಯಾಕೆ ಅಂತ ವಿಚಾರಿಸುವ ಮೊದಲೇ ನಮ್ಮ ಕಾಲು ನಿಂತಿರುತ್ತದೆ. ಫುಟ್‌ಬಾಲಿಗೆ ಇದು ಬಂದದ್ದು ಸ್ವಲ್ಪ ತಡವಾಗಿ. ಮೊದಮೊದಲು ಆಟ ನಿಲ್ಲಿಸಬೇಕಾದರೆ ಕರವಸ್ತ್ರ ಬೀಸುತ್ತಿದ್ದರಂತೆ. ಕಾಲಲ್ಲಿ ಚೆಂಡಿರುವವನು ಕರವಸ್ತ್ರ ಯಾಕೆ ನೋಡುತ್ತಾನೆ ಹೇಳಿ!

ಬರ್ಮಿಂಗ್‌ಹ್ಯಾಮಿನಲ್ಲಿ ಜೋಸೆಫ್ ಹಡ್ಸನ್ ಎಂಬಾತ ಇದ್ದ. 1883ರಲ್ಲಿ ಲಂಡನ್ ಪೊಲೀಸರಿಗೆ ಉದ್ದ ಕೊಳವೆಯಂಥ ಸೀಟಿ ಮಾಡಿಕೊಟ್ಟ. ಮರುವರ್ಷ, ಒಳಗೆ ಪುಟ್ಟ ಗುಂಡು ಕುಣಿಯುವ ಇನ್ನೊಂದು ಸೀಟಿ ಮಾಡಿದ, ಆಕ್ಮಿ ಥಂಡರರ್. ಗುಂಡಿನದು ಆಟದ ಮೈದಾನಕ್ಕೆ ಹೋಯಿತು. ಮೊದಲ ಮಹಾಯುದ್ಧ ಬಂದಾಗ ಕೊಳವೆಯದು ಕಂದಕಗಳಿಗೆ ಹೋಯಿತು. ಅಧಿಕಾರಿ ಅದನ್ನು ಊದಿದರೆ ಸೈನಿಕರು ಕಂದಕ ಹತ್ತಿ ಗುಂಡಿನ ಮಳೆಯೊಳಕ್ಕೆ ನಡೆಯಬೇಕು. ಎರಡೂ ಒಂದೇ ಕಾರ್ಖಾನೆಯ ಮಾಲು.

ಆ ಎರಡೂ ಸೀಟಿಗಳ ನಡುವೆ ಬದುಕಿದವನು ವಾಲ್ಟರ್ ಟಲ್. 1888ರಲ್ಲಿ ಇಂಗ್ಲೆಂಡಿನ ಕಡಲತೀರದ ಊರು ಫೋಕ್‌ಸ್ಟನ್‌ನಲ್ಲಿ ಹುಟ್ಟಿದ. ಅಪ್ಪ ಬಾರ್ಬಡೋಸಿನಿಂದ ಬಂದ ಬಡಗಿ, ಅಮ್ಮ ಅಲ್ಲಿಯದೇ ಕೆಂಟ್ ಸೀಮೆಯವಳು. ಹುಡುಗನಿಗೆ ಏಳು ವರ್ಷವಾಗುವಾಗ ಅಮ್ಮ ತೀರಿಕೊಂಡಳು, ಇನ್ನೆರಡು ವರ್ಷಕ್ಕೆ ಅಪ್ಪನೂ ಹೋದ. ಮಲತಾಯಿಗೆ ಅಷ್ಟು ಮಕ್ಕಳನ್ನು ಸಾಕುವ ಶಕ್ತಿ ಇರಲಿಲ್ಲ. ವಾಲ್ಟರನೂ ಅವನ ಅಣ್ಣ ಎಡ್ವರ್ಡನೂ ಲಂಡನ್ನಿನ ಅನಾಥಾಲಯ ಸೇರಿದರು. ಅಣ್ಣನನ್ನು ಗ್ಲಾಸ್ಗೋದ ಒಂದು ಕುಟುಂಬ ದತ್ತು ತೆಗೆದುಕೊಂಡಿತು, ಅವನು ಮುಂದೆ ಹಲ್ಲಿನ ಡಾಕ್ಟರಾದ. ತಮ್ಮ ಅಲ್ಲೇ ಉಳಿದು ಮುದ್ರಣದ ಕೆಲಸ ಕಲಿತ. ಅಚ್ಚಿನ ಮಸಿಯ ಕೈ, ಆದರೆ ಜನ ನೋಡಿದ್ದು ಕಾಲನ್ನು. 1908ರಲ್ಲಿ ಕ್ಲಾಪ್ಟನ್ ಎಂಬ ಹವ್ಯಾಸಿ ತಂಡಕ್ಕೆ ಸೇರಿದ. ಆ ಸೀಸನ್ನಿನಲ್ಲೇ ತಂಡ, ಇಂಗ್ಲೆಂಡಿನ ಫುಟ್‌ಬಾಲ್ ಸಂಸ್ಥೆಯಾದ ಎಫ್‌ಎ ಹವ್ಯಾಸಿಗಳಿಗೆಂದು ನಡೆಸುತ್ತಿದ್ದ ಕಪ್ ಗೆದ್ದಿತು. 1909ರಲ್ಲಿ ಲಂಡನ್ನಿನ ವೃತ್ತಿಪರ ತಂಡ ಟಾಟನ್‌ಹ್ಯಾಮ್ ಹಾಟ್‌ಸ್ಪರ್ ಕರೆಯಿತು. ಸಹಿ ಹಾಕಿದ್ದಕ್ಕೆ 10 ಪೌಂಡ್, ವಾರಕ್ಕೆ 4 ಪೌಂಡ್. ಆಗಿನ ನಿಯಮದಲ್ಲಿ ಅದಕ್ಕಿಂತ ಜಾಸ್ತಿ ಕೊಡುವಂತೆಯೇ ಇರಲಿಲ್ಲ. ಈಗಿನ ಆಟಗಾರರ ಸಂಬಳ ನೆನೆಸಿಕೊಂಡು ನಗಬೇಡಿ, ಅಚ್ಚುಕೂಟದ ಹುಡುಗನಿಗೆ ಅದು ದೊಡ್ಡ ದುಡ್ಡು.

ಅದೇ ವರ್ಷ ಅಕ್ಟೋಬರಿನಲ್ಲಿ ಬ್ರಿಸ್ಟಲ್‌ನಲ್ಲಿ ಪಂದ್ಯ. ಪ್ರೇಕ್ಷಕರಲ್ಲಿ ಒಂದು ಗುಂಪು ಅವನ ಚರ್ಮದ ಬಣ್ಣ ಹಿಡಿದು ಬಾಯಿಗೆ ಬಂದ ಹಾಗೆ ಬೈಯಿತು. ಮೀನು ಮಾರ್ಕೆಟ್ಟಿನಲ್ಲೂ ಕೇಳದ ಮಾತು ಎಂದು ವರದಿಗಾರನೊಬ್ಬ ಬರೆದ. ಮೈದಾನದಲ್ಲಿದ್ದ ಮುನ್ನಡೆ ಆಟಗಾರರಲ್ಲಿ ಟಲ್ಲೇ ಎಲ್ಲರಿಗಿಂತ ಚೆನ್ನಾಗಿ ಆಡಿದ ಅಂತಲೂ ಬರೆದ. ಚೆಂಡು ಕೈಗೆ ತಾಗಿದರೆ ಸೀಟಿ, ಯಾರನ್ನೋ ತಳ್ಳಿದರೆ ಸೀಟಿ. ಇದಕ್ಕೆ ಮಾತ್ರ ಸೀಟಿ ಇರಲಿಲ್ಲ. ಆಮೇಲೆ ಮೊದಲ ತಂಡದಲ್ಲಿ ಅವನ ಹೆಸರು ಅಪರೂಪವಾಯಿತು. ಟಾಟನ್‌ಹ್ಯಾಮ್ ಪರ ಲೀಗ್‌ನಲ್ಲಿ ಒಟ್ಟು 10 ಪಂದ್ಯ, 2 ಗೋಲು, ಅಷ್ಟೇ. ಬೈದವರು ಮನೆಗೆ ಹೋಗಿ ಊಟ ಮಾಡಿದರು, ಬೈಸಿಕೊಂಡವನು ಮೀಸಲು ತಂಡಕ್ಕೆ ಹೋದ. ಇದು ಎಲ್ಲ ಊರಿನ ಕತೆ ತಾನೇ?

1911ರಲ್ಲಿ ನಾರ್ಥಾಂಪ್ಟನ್ ಟೌನ್ ಎಂಬ ಇನ್ನೊಂದು ಕ್ಲಬ್ ಅವನನ್ನು ಕೊಂಡಿತು. ಮ್ಯಾನೇಜರ್ ಹರ್ಬರ್ಟ್ ಚಾಪ್‌ಮನ್, ಮುಂದೆ ಲಂಡನ್ನಿನ ಆರ್ಸೆನಲ್ ಕ್ಲಬ್ಬಿನಿಂದ ಜಗತ್ತಿಗೇ ಗೊತ್ತಾದ ಮನುಷ್ಯ. ಅಲ್ಲಿ ಟಲ್ ನೂರಕ್ಕೂ ಹೆಚ್ಚು ಪಂದ್ಯ ಆಡಿದ. ಮುಂದಿನ ಸಾಲಿನಿಂದ ಹಿಂದೆ ಸರಿದು ಹಾಫ್ ಬ್ಯಾಕ್, ಅಂದರೆ ನಡುಸಾಲಿನ ಆಟಗಾರ, ಆದ, ಅಲ್ಲಿ ಸರಿಯಾಗಿ ಕುದುರಿಕೊಂಡ.

ಅಷ್ಟರಲ್ಲಿ ಯುದ್ಧ. ಮೊದಲ ಸೀಸನ್ನಿನಲ್ಲಿ ಆಟ ನಿಲ್ಲಲಿಲ್ಲ. ಗಂಡಾಳುಗಳು ಚೆಂಡು ಒದೆಯುತ್ತ ಕೂತಿದ್ದಾರೆ ಅಂತ ಪತ್ರಿಕೆಗಳು ಬೈದವು. 1914ರ ಡಿಸೆಂಬರಿನಲ್ಲಿ ಆಟಗಾರರದ್ದೇ ಒಂದು ಪಡೆ ಕಟ್ಟಿದರು. ಹೆಸರು 17ನೇ ಮಿಡಲ್‌ಸೆಕ್ಸ್, ಜನ ಕರೆದದ್ದು ಫುಟ್‌ಬಾಲ್ ಬೆಟಾಲಿಯನ್. ಆ ತಿಂಗಳೇ ಟಲ್ ಸೇರಿದ. ಒಂದು ತಮಾಷೆ ಅಂದರೆ, ಶನಿವಾರ ಅವರಿಗೆ ರಜೆ ಸಿಗುತ್ತಿತ್ತು, ತಮ್ಮ ತಮ್ಮ ಕ್ಲಬ್ಬಿಗೆ ಹೋಗಿ ಆಡಿ ಬರಲಿಕ್ಕೆ! ವಾರವಿಡೀ ಕವಾಯತು, ಶನಿವಾರ ಪಂದ್ಯ. 1915ರ ವಸಂತದಲ್ಲಿ ಲೀಗ್ ನಿಂತಿತು. ನವೆಂಬರಿನಲ್ಲಿ ಅವರನ್ನು ಫ್ರಾನ್ಸಿಗೆ ಸಾಗಿಸಿದರು.

ಮುಂದಿನದನ್ನು ಬೇಗ ಹೇಳಿಬಿಡುತ್ತೇನೆ, ಹೇಳಲು ಸುಖವಿಲ್ಲ. ಶೆಲ್ಲುಗಳ ಸದ್ದಿಗೆ ಮನಸ್ಸು ಕದಡಿ ಆಸ್ಪತ್ರೆ ಸೇರಿದ. ಚೇತರಿಸಿಕೊಂಡು ಫ್ರಾನ್ಸಿನ ಸೋಮ್ ಕದನಕ್ಕೆ ವಾಪಸಾದ. ಆಮೇಲೆ ಜ್ವರ ಹಿಡಿದು ಮತ್ತೆ ಊರಿಗೆ.

ಆಗ ಮೇಲಿನವರಿಗೆ ಏನು ಅನ್ನಿಸಿತೋ, ಅವನನ್ನು ಅಧಿಕಾರಿಗಳ ತರಬೇತಿಗೆ ಕಳಿಸಿದರು. ಯುರೋಪಿಯನ್ ಮೂಲದವರಲ್ಲದವರು ಅಧಿಕಾರಿ ಆಗಬಾರದು ಅನ್ನುವುದು ಸೈನ್ಯದ ನಿಯಮ. ಆದರೂ 1917ರ ಮೇ ತಿಂಗಳಲ್ಲಿ ಟಲ್ ಸೆಕೆಂಡ್ ಲೆಫ್ಟಿನೆಂಟ್ ಆದ. ಬ್ರಿಟಿಷ್ ಸೈನ್ಯದಲ್ಲಿ ಆ ಹುದ್ದೆಗೇರಿದ ಮೊದಲ ಕಪ್ಪು ವರ್ಣೀಯರಲ್ಲಿ ಅವನೂ ಒಬ್ಬ. ಅಂದರೆ ಇಷ್ಟು ವರ್ಷ ಬೇರೆಯವರ ಸೀಟಿಗೆ ಓಡಿದವನ ಕತ್ತಿಗೆ ಈಗ ತನ್ನದೇ ಒಂದು ಸೀಟಿ ಬಂದಿರಬೇಕು. ಎಷ್ಟು ಸಲ ಊದಿದನೋ! ಊದುವ ಮೊದಲು ಕೈಗಡಿಯಾರ ನೋಡುತ್ತ ನಿಂತ ಆ ಕೊನೆಯ ನಿಮಿಷ ಹೇಗಿದ್ದೀತು?

ಅವನು ಸೇನಾಪತಿಯ ಮೆಚ್ಚುಗೆ ಪಡೆದದ್ದು ಇಟಲಿಯ ಪಿಯಾವೆ ನದಿಯ ಬಳಿ. 1918ರ ಹೊಸ ವರ್ಷದ ಹೊತ್ತಿಗೆ, ರಾತ್ರಿಯ ದಾಳಿಯಲ್ಲಿ 26 ಜನರನ್ನು ಕರೆದುಕೊಂಡು ನದಿ ದಾಟಿದ. ಅಷ್ಟೂ ಜನರನ್ನು ಕೂದಲು ಕೊಂಕದ ಹಾಗೆ ವಾಪಸು ತಂದ. ಸುಮ್ನೆ ಯೋಚಿಸಿ, ಕತ್ತಲಲ್ಲಿ ಕದ್ದು ಹೋಗುವಾಗ ಸೀಟಿ ಊದುವವರುಂಟೇ?

ಆ ಮಾರ್ಚಿನಲ್ಲಿ ಫ್ರಾನ್ಸಿನಲ್ಲಿ ಜರ್ಮನರು ಜೋರಾಗಿ ನುಗ್ಗಿದರು. 25ರಂದು ಫಾವ್ರಾಯ್ ಎಂಬ ಹಳ್ಳಿಯ ಹತ್ತಿರ ಟಲ್ ಬಿದ್ದ. ವಯಸ್ಸು 29. ಆಟದಲ್ಲಾದರೆ ಬಿದ್ದವನಿಗಾಗಿ ಸೀಟಿ ಊದಿ ಎಲ್ಲರನ್ನೂ ನಿಲ್ಲಿಸುತ್ತಾರೆ. ಇಲ್ಲಿ ಯಾರು ನಿಲ್ಲುತ್ತಾರೆ? ಜೊತೆಗಾರರು ಗುಂಡುಗಳ ನಡುವೆಯೇ ಅವನನ್ನು ಎಳೆದು ತರಲು ನೋಡಿದರು. ಅವರಲ್ಲಿ ಒಬ್ಬ ಲೆಸ್ಟರಿನ ಗೋಲ್‌ಕೀಪರ್ ಅಂತ ಹೇಳುತ್ತಾರೆ. ಆಗಲಿಲ್ಲ. ಅವನ ದೇಹ ಸಿಗಲೇ ಇಲ್ಲ, ಫ್ರಾನ್ಸಿನ ಆರಾಸ್ ಯುದ್ಧ ಸ್ಮಾರಕದ ಗೋಡೆಯ ಮೇಲೆ ಹೆಸರು ಮಾತ್ರ ಇದೆ.

ನಾರ್ಥಾಂಪ್ಟನ್ ಕ್ಲಬ್ಬಿನವರು 1999ರಲ್ಲಿ ತಮ್ಮ ಸಿಕ್ಸ್‌ಫೀಲ್ಡ್ಸ್ ಕ್ರೀಡಾಂಗಣದ ಪಕ್ಕ ಅವನಿಗೊಂದು ಸ್ಮಾರಕ ಕಟ್ಟಿದರು. ಅಲ್ಲಿನ ರಸ್ತೆಗೂ ಅವನ ಹೆಸರೇ. ಆದರೆ ಅದು ಅವನು ಆಡಿದ ಮೈದಾನವಲ್ಲ. ಅವನ ಕಾಲದಲ್ಲಿ ಕ್ಲಬ್ಬು ಆಡುತ್ತಿದ್ದದ್ದು ಊರಿನ ಕೌಂಟಿ ಗ್ರೌಂಡಿನಲ್ಲಿ, ಕ್ರಿಕೆಟ್‌ನವರ ಜೊತೆ ಜಾಗ ಹಂಚಿಕೊಂಡು. 1994ರಲ್ಲಿ ಫುಟ್‌ಬಾಲಿನವರು ಅಲ್ಲಿಂದ ಗಂಟುಮೂಟೆ ಕಟ್ಟಿದರು. ಈಗ ಅಲ್ಲಿ ಕ್ರಿಕೆಟ್ ಇದೆ. ಕ್ರಿಕೆಟ್‌ನಲ್ಲಿ ಅಂಪೈರಿಗೆ ಸೀಟಿ ಇರುವುದಿಲ್ಲ.