ಗುಜರಿ ಕುರ್ಚಿಗೆ ಶುಕ್ರದೆಸೆ

ಹಳೆಯ ಕುರ್ಚಿಗಳನ್ನು ಕಂಡಂ ಮಾಡಿ ಹರಾಜಿಗಿಡುವುದು ಸರ್ಕಾರಿ ನೌಕರಿಯ ಅತ್ಯಂತ ನೀರಸ ಕೆಲಸವೆಂದು ಭಾವಿಸಿರುವವರಿಗೆ ಚಂಡೀಗಢದ ಅಧಿಕಾರಿವರ್ಗದ ಸಾಧನೆಯ ಅರಿವಿಲ್ಲ. ನಯಾಪೈಸೆ ಬಂಡವಾಳ ಹೂಡದೆ, ಒಂದು ಜಾಹೀರಾತನ್ನೂ ಕೊಡದೆ, ಬರೀ ನಿರ್ಲಕ್ಷ್ಯದ ಬಲದಿಂದಲೇ ಅವರು ಗುಮಾಸ್ತರು ಕೂತು ಎದ್ದು ಸವೆಸಿದ ಬೆತ್ತದ ಕುರ್ಚಿಗಳನ್ನು ಪ್ಯಾರಿಸ್, ಲಂಡನ್, ನ್ಯೂಯಾರ್ಕ್‌ಗಳ ಹರಾಜು ಕಟ್ಟೆಯಲ್ಲಿ ಲಕ್ಷಗಟ್ಟಲೆ ರೂಪಾಯಿ ಬಾಳುವ ಕಲಾಕೃತಿಗಳನ್ನಾಗಿ ಮಾಡಿದರು. ಲಾಭ ಮಾತ್ರ ಪೂರ್ತಿಯಾಗಿ ಬೇರೆಯವರ ಪಾಲಾಯಿತು. ನಿಷ್ಕಾಮ ಕರ್ಮಕ್ಕೆ ಇದಕ್ಕಿಂತ ಉತ್ತಮವಾದ ಉದಾಹರಣೆಯನ್ನು ಗೀತೆಯ ವ್ಯಾಖ್ಯಾನಕಾರರೂ ಕೊಟ್ಟಿರಲಾರರು.

1947ರ ವಿಭಜನೆಯಲ್ಲಿ ಲಾಹೋರ್ ಪಾಕಿಸ್ತಾನಕ್ಕೆ ಸೇರಿದ ಮೇಲೆ ಭಾರತದ ಪಂಜಾಬಿಗೆ ರಾಜಧಾನಿಯೇ ಇಲ್ಲವಾಯಿತು. ಚಂಡೀಗಢವೆಂಬ ಹೊಸದೊಂದು ನಗರವನ್ನೇ ಕಟ್ಟಲು ನಿರ್ಧರಿಸಿದ ಸರ್ಕಾರದ ಕರೆಗೆ 1951ರಲ್ಲಿ ವಿಶ್ವವಿಖ್ಯಾತ ವಾಸ್ತುಶಿಲ್ಪಿ ಲೆ ಕಾರ್ಬೂಸಿಯೆ ಬಂದರು. ಅವರೊಂದಿಗೆ ಅವರ ದಾಯಾದಿ ಸೋದರ, ಸ್ವಿಸ್ ವಾಸ್ತುಶಿಲ್ಪಿ ಪಿಯರ್ ಜಾನರೆ ಕೂಡ ಬಂದರು. ದೊಡ್ಡ ಹೆಸರಿನವರು ಬಂದು ಹೋಗುತ್ತಿದ್ದರೆ, ಜಾನರೆ ಅಲ್ಲಿಯೇ ಮನೆ ಹೂಡಿ 1965ರವರೆಗೆ ಉಳಿದರು. ಕಟ್ಟಡಗಳು ಎದ್ದು ನಿಂತ ಮೇಲೆ ಅವುಗಳೊಳಗೆ ಜನ ಕೂರಬೇಕಲ್ಲವೇ? ಕಡಿಮೆ ಖರ್ಚಿನಲ್ಲಿ, ಸ್ಥಳೀಯ ಬಡಗಿಗಳ ಕೈಯಲ್ಲಿ, ಸಾವಿರಾರು ಸಂಖ್ಯೆಯಲ್ಲಿ ಆಗಬೇಕಾದ ಕುರ್ಚಿ, ಮೇಜು, ಬೆಂಚುಗಳನ್ನು ಜಾನರೆ ಮತ್ತು ಯೂಲಿ ಚೌಧರಿಯವರಂತಹ ಭಾರತೀಯ ಸಹೋದ್ಯೋಗಿಗಳು ರೂಪಿಸಿದರು. ಗೆದ್ದಲಿಗೂ ತೇವಕ್ಕೂ ಸುಲಭವಾಗಿ ಬಗ್ಗದ ತೇಗದ ಮರ, ಬೇಸಿಗೆಯ ಬೆವರಿಗೆ ಗಾಳಿಯಾಡಿಸುವ ಬೆತ್ತದ ಹೆಣಿಗೆ, ಬಿಡಿಸಿಟ್ಟ ಕೈವಾರದಂತೆ ನೆಲಕ್ಕೆ ಊರಿದ ಕಾಲುಗಳು: ಇಷ್ಟರಲ್ಲಿಯೇ ಕುರ್ಚಿ ಮುಗಿಯುತ್ತಿತ್ತು. ಒಂದೇ ನಕ್ಷೆಯನ್ನು ಹಲವು ಕಾರ್ಖಾನೆಗಳಿಗೆ ಕೊಟ್ಟಿದ್ದರಿಂದ ಒಂದರಂತೆ ಇನ್ನೊಂದು ತದ್ವತ್ತಾಗಿರಲಿಲ್ಲ; ಒಬ್ಬ ಬಡಗಿಯ ಕೈ ಭಾರ, ಇನ್ನೊಬ್ಬನದು ಹಗುರ. ಆ ಬಡಗಿಗಳ ಹೆಸರುಗಳನ್ನು ಯಾವ ಹರಾಜು ಪಟ್ಟಿಯೂ ಅಚ್ಚು ಹಾಕುವುದಿಲ್ಲ ಎಂಬುದನ್ನು ಬೇರೆ ಹೇಳಬೇಕಾಗಿಲ್ಲ.

ಇಂತಹ ಕುರ್ಚಿಗೆ ಸರ್ಕಾರಿ ಕಚೇರಿಯಲ್ಲಿ ಬಾಳುವೆ ಕಷ್ಟ. ಅದು ಗಿರಗಿರನೆ ತಿರುಗುವುದಿಲ್ಲ. ಹಿಂದಕ್ಕೆ ಒರಗಿ ಛಾವಣಿ ನೋಡುತ್ತ ಅರ್ಜಿದಾರನ ಅಹವಾಲು ಕೇಳಲು ಬರುವುದಿಲ್ಲ. ಬೆನ್ನು ತಗ್ಗಾದ್ದರಿಂದ ಮೇಲೆ ಬಿಳಿ ಟವೆಲ್ ಹೊದಿಸಿದರೂ ಅದಕ್ಕೊಂದು ಗಾಂಭೀರ್ಯ ಒದಗುವುದಿಲ್ಲ. ಬೆನ್ನಿನ ಎತ್ತರ, ಗಾಲಿಗಳು, ಟವೆಲ್‌ನ ಶುಭ್ರತೆ ಇವುಗಳಿಂದಲೇ ಅಧಿಕಾರಿಯ ದರ್ಜೆಯನ್ನು ಅಳೆಯುವ ನಮ್ಮ ದೇಶದಲ್ಲಿ (ಈ ವಿಷಯದಲ್ಲಿ ಕರ್ನಾಟಕವು ಪಂಜಾಬಿಗಿಂತ ಒಂದಿಷ್ಟೂ ಹಿಂದುಳಿದಿಲ್ಲ) ಗುಮಾಸ್ತನೂ ಮೇಲಧಿಕಾರಿಯೂ ಹೆಚ್ಚುಕಡಿಮೆ ಒಂದೇ ಬಗೆಯ ಬೆತ್ತದ ಮೇಲೆ ಕೂರುವುದು ಆಡಳಿತಾತ್ಮಕ ಶಿಸ್ತಿಗೆ ಭಂಗವೇ ಸರಿ. ಮೇಲಾಗಿ, ಹರಿದ ಬೆತ್ತವನ್ನು ಮತ್ತೆ ಹೆಣೆಸಲು ಬೇಕಾದ ಅಲ್ಪ ಮೊತ್ತಕ್ಕೆ ಮಂಜೂರಾತಿ ಪಡೆಯುವುದಕ್ಕಿಂತ ಹೊಸ ರೆಕ್ಸಿನ್ ಕುರ್ಚಿಗಳ ಖರೀದಿಗೆ ಟೆಂಡರ್ ಕರೆಯುವುದು ಎಲ್ಲ ರೀತಿಯಿಂದಲೂ ಸುಲಭ ಎಂಬುದು ಕಚೇರಿಯ ಗಾಳಿ ಕುಡಿದ ಯಾರಿಗೂ ಗೊತ್ತಿರುವ ಸಂಗತಿ. ಹೀಗಾಗಿ ತೇಗದ ಕುರ್ಚಿಗಳು ಮೊದಲು ಹಿಂದಿನ ಕೋಣೆಗೆ, ಅನಂತರ ಮಾಳಿಗೆಗೆ, ಅಲ್ಲಿ ಬಿಸಿಲು ಮಳೆಗಳ ಸೇವೆ ಮುಗಿದ ಮೇಲೆ ‘ನಿರುಪಯುಕ್ತ ವಸ್ತುಗಳ ವಿಲೇವಾರಿ’ ಎಂಬ ಕಡತದೊಳಕ್ಕೆ ಬಡ್ತಿ ಪಡೆಯುತ್ತ ಸಾಗಿದವು.

1990ರ ದಶಕದ ಕೊನೆಯ ಹೊತ್ತಿಗೆ ಫ್ರಾನ್ಸಿನ ಕೆಲವು ವ್ಯಾಪಾರಿಗಳು ಈ ರಾಶಿಯನ್ನು ನೋಡಿದರು. ಅವರು ಕದಿಯಲಿಲ್ಲ, ಕಳ್ಳಸಾಗಣೆ ಮಾಡಲಿಲ್ಲ. ಸರ್ಕಾರ ಕರೆದ ಹರಾಜಿನಲ್ಲಿ ಎಲ್ಲರ ಎದುರಿಗೇ ಕೂಗಿ, ಹಣ ಕಟ್ಟಿ, ರಸೀದಿ ಪಡೆದುಕೊಂಡರು. ಮುರಿದದ್ದನ್ನು ಜೋಡಿಸಿ, ಮೆರುಗು ಕೊಟ್ಟು, ಬೆತ್ತ ಹೆಣೆಸಿ ಮಾರಾಟಕ್ಕಿಟ್ಟರು. ‘ಕಮಿಟಿ ಚೇರ್’, ‘ಸೆನೆಟ್ ಚೇರ್’ ಎಂಬ ಘನವಾದ ನಾಮಧೇಯಗಳು ಬಂದವು. ಹೈಕೋರ್ಟಿನಲ್ಲಿ ವಕೀಲರೂ ವರದಿಗಾರರೂ ತೂಕಡಿಸಿದ ಆಸನಕ್ಕೆ ‘ಅಡ್ವೊಕೇಟ್ ಅಂಡ್ ಪ್ರೆಸ್’ ಎಂದೇ ಹೆಸರಾಯಿತು.

ಇದರಲ್ಲೆಲ್ಲ ನನ್ನನ್ನು ಅತ್ಯಂತ ಪುಳಕಗೊಳಿಸಿದ ಅಂಶವೆಂದರೆ ಆ ಕುರ್ಚಿಗಳ ಹಿಂಭಾಗದ ಬಣ್ಣದ ಬರಹ. ಯಾವ ಇಲಾಖೆಯದು, ಎಷ್ಟನೆಯದು ಎಂದು ದಾಸ್ತಾನು ವಹಿಗೆ ತಾಳೆಯಾಗುವಂತೆ ಯಾರೋ ಒಬ್ಬ ಸಿಬ್ಬಂದಿ ತಗಡಿನ ಅಚ್ಚಿಟ್ಟು, ಅಕ್ಷರ ಸೊಟ್ಟಗಾದರೂ ತಲೆ ಕೆಡಿಸಿಕೊಳ್ಳದೆ, ಕುಂಚ ಆಡಿಸಿದ್ದ ಗುರುತು ಅದು. ಹರಾಜು ಕಟ್ಟೆಯಲ್ಲಿ ಈಗ ಅದೇ ಅಸಲಿತನದ ಪ್ರಮಾಣಪತ್ರ. ಬರಹ ಅಳಿಸಿಹೋದ ಕುರ್ಚಿಯನ್ನು ಗಿರಾಕಿ ಅನುಮಾನದಿಂದ ನೋಡುತ್ತಾನೆ. ವಿನ್ಯಾಸಕಾರ ಸಹಿ ಹಾಕದೆ ಬಿಟ್ಟ ಕಲಾಕೃತಿಗೆ ಸ್ಟೋರ್ ಕೀಪರ್ ಸಹಿ ಹಾಕಿದ್ದು ವಿಶ್ವಕಲೆಯ ಚರಿತ್ರೆಯಲ್ಲಿ ಮತ್ತೆಲ್ಲಿಯಾದರೂ ನಡೆದಿದ್ದರೆ ತಿಳಿದವರು ತಿಳಿಸಬೇಕು. ನಗರದ ನಕ್ಷೆಯನ್ನೇ ಎರಕ ಹೊಯ್ದಿದ್ದ ಮ್ಯಾನ್‌ಹೋಲ್ ಮುಚ್ಚಳಗಳೂ ವಿಮಾನ ಏರಿ ವಿದೇಶದಲ್ಲಿ ಲಕ್ಷಗಳಿಗೆ ಹೋದವು. ಬೆಂಗಳೂರಿನಲ್ಲಿ ಅಂತಹ ಮುಚ್ಚಳ ಕದ್ದವನು ಇವತ್ತಿಗೂ ಕೆಜಿ ಲೆಕ್ಕದಲ್ಲಿಯೇ ಮಾರುತ್ತಾನೆ. ಕಲಾ ಶಿಕ್ಷಣದ ಕೊರತೆ.

ಹೊರಗಿನವರು ಬೆಲೆ ಕಟ್ಟಿದ ಮೇಲೆ ಸರ್ಕಾರಕ್ಕೆ ಪರಂಪರೆಯ ನೆನಪಾಗುವುದು ಸಂಪ್ರದಾಯ. 2011ರಲ್ಲಿ ಕೇಂದ್ರ ಗೃಹ ಸಚಿವಾಲಯವು ಈ ಪೀಠೋಪಕರಣಗಳ ಮಾರಾಟಕ್ಕೂ ಹರಾಜಿಗೂ ತಡೆ ಹಾಕಿತು. ನೆನ್ನೆಯವರೆಗೆ ಗುಜರಿ ಎನಿಸಿಕೊಂಡದ್ದು ಒಂದು ಆದೇಶದೊಂದಿಗೆ ಪಾರಂಪರಿಕ ವಸ್ತುವಾಯಿತು. ಎಣಿಕೆ ನಡೆಯಿತು, ಪಟ್ಟಿ ತಯಾರಾಯಿತು. ವಿದೇಶದಲ್ಲಿ ಹರಾಜು ನಡೆದಾಗಲೆಲ್ಲ ಅದನ್ನು ನಿಲ್ಲಿಸಬೇಕೆಂದು ಇಲ್ಲಿಂದ ಪತ್ರಗಳು ಹೋಗತೊಡಗಿದವು. ಆದರೆ ಮಾರಿದವರ ಕೈಯಲ್ಲಿ ನಮ್ಮದೇ ರಸೀದಿ ಇತ್ತು. 1972ರ ಪುರಾತತ್ವ ವಸ್ತುಗಳ ಕಾಯಿದೆಯನ್ನು ತೆರೆದು ನೋಡಿದರೆ, ವಸ್ತುವೊಂದು ಪುರಾತನವೆನಿಸಿಕೊಳ್ಳಲು ಸಾಮಾನ್ಯವಾಗಿ 100 ವರ್ಷ ತುಂಬಿರಬೇಕು. ಅಂದರೆ ಚಂಡೀಗಢದ ಮೊದಲ ಕುರ್ಚಿಗಳು 2050ರ ದಶಕದವರೆಗೆ ಅಪ್ರಾಪ್ತ ವಯಸ್ಕರು. ನೂರು ತುಂಬದ ಕೃತಿಗಳನ್ನೂ ‘ಕಲಾ ನಿಧಿ’ ಎಂದು ಕೇಂದ್ರ ಸರ್ಕಾರ ಘೋಷಿಸಬಹುದೆಂದು ಅದೇ ಕಾಯಿದೆ ಹೇಳುತ್ತದೆ. ಷರತ್ತೊಂದೇ, ಕೃತಿಕಾರ ಬದುಕಿರಬಾರದು. ಜಾನರೆ ಈ ಷರತ್ತನ್ನು ಕಾಯಿದೆ ಹುಟ್ಟುವ ಐದು ವರ್ಷ ಮೊದಲೇ, 1967ರಲ್ಲಿ, ಸರ್ಕಾರಕ್ಕೆ ಯಾವ ತೊಂದರೆಯನ್ನೂ ಕೊಡದೆ ಪೂರೈಸಿದ್ದರು. ಅವರ ಚಿತಾಭಸ್ಮವನ್ನೂ ಚಂಡೀಗಢದ ಸುಖ್ನಾ ಕೆರೆಯಲ್ಲಿಯೇ ಬಿಡಲಾಯಿತು. ಇದಕ್ಕಿಂತ ಹೆಚ್ಚಿನ ಸಹಕಾರವನ್ನು ಒಬ್ಬ ವಿದೇಶೀಯನಿಂದ ನಿರೀಕ್ಷಿಸುವುದು ನ್ಯಾಯವಲ್ಲ.

ಈ ನಡುವೆ ಕುರ್ಚಿಯ ಪ್ರಯಾಣ ದೊಡ್ಡ ಸುತ್ತು ಹಾಕಿ ಮನೆ ಬಾಗಿಲಿಗೇ ಬಂದಿದೆ. ಪ್ಯಾರಿಸ್ಸಿನಲ್ಲಿ ಮೆಚ್ಚುಗೆ ಪಡೆದದ್ದನ್ನು ಕಂಡು ನಮ್ಮ ಪೀಠೋಪಕರಣ ತಯಾರಕರು ಅದರ ನಕಲುಗಳನ್ನು ಮಾಡಿ ‘ಚಂಡೀಗಢ ಚೇರ್’ ಎಂದು ಮಾರುತ್ತಿದ್ದಾರೆ. ಇಂದಿರಾನಗರದ ಕಾಫಿ ಮಳಿಗೆಗಳಲ್ಲಿ ಅಂತಹ ಬೆತ್ತದ ಕುರ್ಚಿಯ ಮೇಲೆ ಕೂತವರು ಕಾಫಿಯ ಬೆಲೆಯಲ್ಲಿ ಅದರ ಬಾಡಿಗೆಯನ್ನೂ ತೆರುತ್ತಾರೆ. ತಾಲೂಕು ಕಚೇರಿಯಲ್ಲಿ ಅದೇ ಕುರ್ಚಿಯನ್ನು ಕೊಟ್ಟಿದ್ದರೆ ಅವರಲ್ಲಿ ಅರ್ಧ ಜನ ಬೆನ್ನುನೋವಿನ ದೂರು ಬರೆಯುತ್ತಿದ್ದರು.

ಇಷ್ಟೆಲ್ಲ ಅನುಭವವಾದ ಮೇಲೂ ನಮ್ಮ ರಾಜ್ಯ ಎಚ್ಚೆತ್ತುಕೊಳ್ಳದಿದ್ದರೆ ಹೇಗೆ? ಈಗ ಕಚೇರಿಗಳಲ್ಲಿರುವ, ಒಂದು ಗಾಲಿ ಕಳೆದು ಎಡಕ್ಕೆ ವಾಲಿದ, ರೆಕ್ಸಿನ್ ಬಿರಿದು ಸ್ಪಂಜು ಹೊರಬಂದ ಎತ್ತರ ಬೆನ್ನಿನ ಕುರ್ಚಿಗಳನ್ನು ಕೂಡಲೇ ಕಂಡಂ ಮಾಡಿ ಹರಾಜು ಕೂಗಬೇಕೆಂದು ನಾನು ಸರ್ಕಾರವನ್ನು ವಿನಮ್ರವಾಗಿ ಕೋರುತ್ತೇನೆ. ಕೊಳ್ಳುವ ಫ್ರೆಂಚರು ಸಿಗುವವರೆಗೆ ಮಾಳಿಗೆಗಳನ್ನು ಕಾದಿರಿಸಬೇಕು. ಹಿಂಭಾಗದ ಸಂಖ್ಯೆಗಳನ್ನು ಆದಷ್ಟು ಸೊಟ್ಟಗೆ ಬರೆಸಬೇಕು. ಬಿಳಿ ಟವೆಲ್ ಕುರ್ಚಿಯ ಅವಿಭಾಜ್ಯ ಅಂಗವೋ ಅಥವಾ ಪ್ರತ್ಯೇಕ ಪಾರಂಪರಿಕ ವಸ್ತುವೋ, ಅದಕ್ಕೂ ದಾಸ್ತಾನು ಸಂಖ್ಯೆ ಹಾಕಬೇಕಾದರೆ ಒಗೆಯುವ ಮೊದಲೋ ನಂತರವೋ ಎಂಬುದರ ಬಗ್ಗೆ ಮಾತ್ರ ಕಾನೂನು ಇಲಾಖೆಯ ಅಭಿಪ್ರಾಯ ಪಡೆಯುವುದು ಕ್ಷೇಮ.